ಬಾಳಮ್ಮನ ಸವಾಲು

ಕಟ್ಟಿದ ಕತಿ ಅಲ್ರಿ ಇದು. ನಮ್ಮ ಓಣ್ಯಾಗಿನ ಮಾಳಪ್ಪಗ ಆಗಿದ್ದು. ಹತ್ರ ಸರಕೊಂಡು ಕುಂದರ್ರಿ... ಹೇಳ್ತೇನಿ.

ಹರದೇಶಿ-ನಾಗೇಶಿ ಹಾಡಿನಾಗ ಮಾಳಪ್ಪ ಗಂಡಿನ ಪರ, ಅವನ ಹೆಂಡತಿ ಬಾಳಮ್ಮ ಹೆಣ್ಣಿನ ಪರ. ಅಕಿ ಸವಾಲು ಹಾಕಬೇಕು, ಅಂವ ಜವಾಬು ಕೊಡಬೇಕು. ಬೆಳತನಕ ಜಗಳ, ಬೆಳಗಾದ್ರ ಒಂದ ಗಾಡಿ ಮ್ಯಾಲ ಇಬ್ಬರೂ ಮನಿಗೆ. ಹೋದ ವರ್ಷ ಬಾಳಮ್ಮ ಜ್ವರ ಬಂದು ತೀರಿಕೊಂಡ್ಲು.

ಮುಂದ ಒಂದಿನ ರಾತ್ರಿ ಮಾಳಪ್ಪ ಕಮತಗಿ ಸ್ಟ್ಯಾಂಡಿನಿಂದ ಹೊಲದ ಮನಿಗೆ ನಡಕೊಂತ ಹೊಂಟಿದ್ದ. ಹಾಳಬಾವಿ ಹತ್ರ ಬಂದ... ಟಿಣ್. ತಾಳದ ಸಪ್ಪಳ. ಕಿಣಿಕಿಣಿ... ಕೈಬಳಿ ಸಪ್ಪಳ. ಆಮ್ಯಾಲ ಬಾಳಮ್ಮನ ದನಿ, ಸವಾಲು ಹಾಕಾಕತ್ತಿತ್ತು. ಬ್ಯಾರೆಯವರಾಗಿದ್ರ ಚಪ್ಪಲಿ ಬಿಟ್ಟು ಓಡ್ತಿದ್ರು. ಮಾಳಪ್ಪ ಅಲ್ಲೇ ಕಲ್ಲಿನ ಮ್ಯಾಲ ಕುಂತು ಅಳಕೊಂತ ಜವಾಬು ಹಾಡಿದ. ಅಕಿ ಹೋದಮ್ಯಾಲ ಮೊದಲ ಸಲ ಅವತ್ತ ಹೊಟ್ಟಿ ತುಂಬ ಉಂಡ. ಆಮ್ಯಾಲ ದಿನಾ ರಾತ್ರಿ ಹಂಗ. ದಿನಾ ಹೊಸ ಸವಾಲು. ಅದರ ಮ್ಯಾಲ ಅಂವ ಜೀವ ಹಿಡದಿದ್ದ.

ಇತ್ತ ಹಾಡಕ್ಕ ಕರಿಯೋರ ಇಲ್ಲ. ರಾತ್ರಿ ಪೂರ್ತಿ ಕುಂತು ಕೇಳೋರು ಯಾರ್ರಿ ಈಗ? ಅರ್ಧ ನಿಮಿಷದ ರೀಲ್ಸಿಗೂ ತಾಳ್ಮಿ ಇಲ್ಲ, ಬೆರಳು ಸರಸಿದ್ದೇ ಸರಸಿದ್ದು. ಬಾಗಲಕೋಟ್ಯಾಗ ಸ್ಟುಡಿಯೋ ಇಟ್ಟ ಸಚಿನ ಮಾಳಪ್ಪನ ಕರದು ಅಂದ:

"ಕಾಕಾ, ಕಾಕಿ ಹಳೇ ರೆಕಾರ್ಡಿಂಗ್ ಕೊಡ್ರಿ. ಕಂಪ್ಯೂಟರ್ ಅಕಿ ದನಿ ಕಲಿತೈತಿ. ನೀವು ಬರದುಕೊಟ್ಟಿದ್ದನ್ನ ಅಕಿ ದನಿಲೇ ಹಾಡ್ತೈತಿ."

"ಸವಾಲು ಅಕಿದಪಾ... ನಾ ಹ್ಯಾಂಗ ಬರೀಲಿ?"

"ಯಾರಿಗೆ ಗೊತ್ತಾಗ್ತೈತ್ರಿ?"

ಎದುರಿನವರ ಸವಾಲನ್ನ ತಾವ ಬರಿಯೂದು ಅಂದ್ರ ಹಾಡೋ ಮಂದ್ಯಾಗ ಅದಕ್ಕಿಂತ ದೊಡ್ಡ ಮೋಸ ಇಲ್ಲ. ಆದ್ರ ಬಾಳಮ್ಮನ ದನಿ ಊರೂರು ಕೇಳ್ತೈತಲ್ಲ ಅನ್ನೋ ಆಸೆ. ಮಾಳಪ್ಪ ಬರದುಕೊಟ್ಟ. ತನಗ ಜವಾಬು ಬರೋ ಸವಾಲನ್ನ ಬರದ. ಹಾಡು ಹಂಗ ಓಡಿತು ನೋಡ್ರಿ, ಹುನಗುಂದ, ಇಳಕಲ್ಲ, ಎಲ್ಲಿ ನೋಡಿದ್ರೂ ಆಟೋದಾಗ ಅದ.

ಆ ಹಾಡು ಹೊರಬಂದ ದಿನಾನ ರಾತ್ರಿ ಬಾವಿ ಹತ್ರ... ಟಿಣ್. ಕಿಣಿಕಿಣಿ. ಆಮ್ಯಾಲ... ಏನಿಲ್ಲ.

ಬೆಳದಿಂಗಳಾಗ ಬಾಳಮ್ಮ ಬಾವಿಕಟ್ಟಿ ಮ್ಯಾಲ ಕುಂತಿದ್ಲು. ಬಾಯಿ ತೆರದ್ಲು. ದನಿ ಬರಲಿಲ್ಲ. ಗಂಟಲು ಮುಟ್ಟಿಕೊಂಡ್ಲು.

"ಬಾಳೀ... ಸವಾಲು ಹಾಕ," ಅಂದ ಮಾಳಪ್ಪ, ಪಿಸುದನಿಲೆ.

ಅಕಿ ಇವನ ಕಿಸೆ ಕಡೆ ಬೆರಳು ತೋರಿಸಿದ್ಲು. ಕಿಸೆದಾಗಿನ ಮೊಬೈಲ್ ತಾನ ಹಾಡಾಕ ಹತ್ತಿತು. ಅಕಿ ದನಿ, ಇಂವ ಬರದ ಸವಾಲು. ಜವಾಬು ಗೊತ್ತಿದ್ದೂ ಇವನ ಬಾಯಿಂದ ಹೊಂಡಲಿಲ್ಲ.

"ತಪ್ಪಾತ ಬಾಳೀ... ಹೋಗಬ್ಯಾಡ."

ಅಕಿ ಎದ್ದು ಹೋದ್ಲು.

ಈಗೂ ಮಾಳಪ್ಪ ದಿನಾ ರಾತ್ರಿ ಅಲ್ಲೇ ಕುಂದ್ರತಾನ. ತಾಳದ ಸಪ್ಪಳ ಸೈತ ಇಲ್ಲ. ಒಳ್ಳೆ ಆಳು, ಸೊರಗಿ ಕಡ್ಡಿ ಆಗ್ಯಾನ.

ನಂಬೂದಿಲ್ಲೇನ್ರಿ? ಬಾಳಮ್ಮ ಇದ್ದಾಗ ನಾನ ಮುಂದ ಕುಂತು ಅವರ ಹಾಡು ಮೊಬೈಲಿನಾಗ ತುಂಬಿಕೊಂಡಿದ್ದೆ. ತಗೋರಿ, ಕಿವಿಗೆ ಹಿಡೀರಿ. ಮಾಳಪ್ಪನ ಜವಾಬು ಐತಿ, ಮಂದಿ ಚಪ್ಪಾಳಿ ಐತಿ. ಅಕಿ ಸವಾಲು ಹಾಕೋ ಹೊತ್ತಿನಾಗ... ಬರೀ ಬಳಿ ಸಪ್ಪಳ.