ತೀರ್ಥದ ಚಮಚದಲ್ಲಿ ಫ್ರೂಟ್ ಸಲಾಡ್

ಹೆಗ್ಗಡದೇವನಕೋಟೆ ಬಸ್ ನಿಲ್ದಾಣದಲ್ಲಿ ನನ್ನ ಪಕ್ಕ ಇಬ್ಬರು ಹೆಂಗಸರು ಕುಳಿತಿದ್ದರು. ದೊಡ್ಡವಳ ಮಡಿಲಲ್ಲಿ ಸ್ಟೀಲ್ ಡಬ್ಬಿಯಿತ್ತು.

"ನೆನ್ನೆ ಬೀಗ್ರು ಮೊದಲ್ನೇ ಸಲ ಬಂದಿದ್ರಲ್ಲ ರೂಪಕ್ಕ, ಏನ್ ಮಾಡಿದ್ರಿ?"

"ಫ್ರೂಟ್ ಸಲಾಡ್ ಕಣೆ ಚಂದ್ರಿ. ಪರಂಗಿ, ಕಲ್ಲಂಗಡಿ, ದಾಳಿಂಬೆಗೆ ನಿಂಬೆರಸ, ಜೇನುತುಪ್ಪ, ಚೂರು ಕಾಳ್ಮೆಣಸಿನ ಪುಡಿ. ಬೆಳಿಗ್ಗೆಯಿಂದ ಫ್ರಿಜ್ಜಲ್ಲಿಟ್ಟು, ಟೀವಿಲಿ ಬರೋರಂಗೆ ಸ್ಟೈಲಾಗಿ ತಂದೆ."

"ಮೆಚ್ಕಂಡ್ರಾ?"

"ಬಡಿಸಕ್ಕೆ ಸೌಟು ಸಿಗ್ನಿಲ್ಲ. ದೇವ್ರ ಮನೇಲಿದ್ದ ತೀರ್ಥದ ಚಮಚ ತಕ್ಕಂಡೋದೆ."

"ಅಯ್ಯೋ!"

"ಬೀಗ್ರು ಎದ್ದು ನಿಂತು ಅಂಗೈ ಒಡ್ಡಿದ್ರು. ಒಂದೊಂದು ಚಮಚ ಕಣ್ಗೊತ್ಕಂಡು ಬಾಯ್ಗಾಕಂಡು, ಕೈನ ತಲೆಗೆ ಒರೆಸ್ಕಂಡ್ರು. ಇನ್ನೊಂಚೂರು ಅಂದ್ರೆ, ಪ್ರಸಾದ ಇಷ್ಟು ಸಾಕು ಕಣವ್ವ ಅಂದ್ರು."

"ಸಲಾಡು ಅಂತ ಹೇಳ್ಬಾರ್ದಿತ್ತಾ?"

"ಬೀಗ್ರ ತಲೆಗೆ ಜೇನುತುಪ್ಪ ಮೆತ್ಕಂಡ್ಮೇಲೆ ಏನ್ ಹೇಳ್ಲೇ? ಯಾವ್ ದೇವ್ರುದು ಅಂತ ಕೇಳಿದ್ರು. ಮನೆದೇವ್ರುದು ಅಂದ್ಬುಟ್ಟೆ. ಬೇಸಿನ್ ತುಂಬ ಉಳೀತು. ತಕ, ತಿನ್ನು, ಇನ್ನೂ ತಣ್ಣಗೈತೆ."

ಅಷ್ಟರಲ್ಲಿ ಹುಣಸೂರು ಬಸ್ಸು ಬಂತು. ರೂಪಕ್ಕ ತಾನೂ ಒಂದು ತುಂಡು ಬಾಯಿಗೆ ಹಾಕಿಕೊಂಡು ಎದ್ದಳು. ಹಾಗೇ ಆ ಕೈಯನ್ನು ತಲೆಗೆ ಒರೆಸಿಕೊಂಡಳು.

ಚಂದ್ರಿ ಬಿದ್ದು ಬಿದ್ದು ನಕ್ಕಳು.

"ನಗ್ಬೇಡ ಕಣೆ," ಎಂದಳು ರೂಪಕ್ಕ, ಬಸ್ ಹತ್ತುತ್ತಾ. "ಈ ದೇವ್ರಿಗೆ ಮೊದಲ್ನೇ ಭಕ್ತೆ ನಾನೇಯ."