ಅಮ್ಮನ ಚಾಕುವಿಗೊಂದು ಒರೆ

ಅಂಚೆ ಕಚೇರಿಯಲ್ಲಿ ಫ್ಯಾನೂ ತೂಕಡಿಸುವ ಮಧ್ಯಾಹ್ನ. ಸಾಲಿನಲ್ಲಿ ನನ್ನ ಮುಂದಿದ್ದಾಕೆ ಬಟ್ಟೆ ಸುತ್ತಿದ ಸಣ್ಣ ಚಾಕುವನ್ನು ಗುಮಾಸ್ತರ ಮುಂದಿಟ್ಟಳು.

“ಬರೀ ಬಟ್ಟೆ ಸಾಲಲ್ಲಮ್ಮ. ಚಾಕು ಕಳಿಸ್ಬೇಕಾದ್ರೆ ಗಟ್ಟಿ ಒರೆ ಇರ್ಬೇಕು, ರೂಲ್ಸು.”

“ಅಮ್ಮ ಮಸೆದೂ ಮಸೆದೂ ಸವೆದುಹೋಗಿದೆ ಸಾರ್. ಬೆಣ್ಣೇನೂ ಕುಯ್ಯಲ್ಲ.”

“ಮತ್ಯಾಕೆ ಕಳಿಸ್ತೀರಿ?”

“ಅಮ್ಮ ಹೋದ್ಮೇಲೆ ಮಾತು ಬಿಟ್ಟಿದ್ದ ಅಕ್ಕ ನಿನ್ನೆ ಫೋನ್ ಮಾಡಿ ಇದೊಂದೇ ಕೇಳಿದ್ಲು.”

“ಮೊಂಡಾದ್ರೂ ಚಾಕು ಚಾಕೇ. ಪಾರ್ಸೆಲ್ ಹೊರೋರ ಕೈಗೆ ತಾಗಬಾರ್ದು.”

ಆಕೆ ಚೀಲದಿಂದ ಕನ್ನಡಕದ ಡಬ್ಬಿ ತೆಗೆದು ಖಾಲಿ ಮಾಡಿದಳು.

“ಇದೂ ಅಮ್ಮಂದೇ. ನನಗಿರ್ಲಿ ಅಂತ ಇಟ್ಕೊಂಡಿದ್ದೆ. ಆಗುತ್ತಾ?”

“ಅಳತೆ ಕೊಟ್ಟು ಮಾಡಿಸಿದ ಹಾಗಿದೆ,” ಎಂದು ಗುಮಾಸ್ತರು ಪಾರ್ಸೆಲ್ ಕಟ್ಟಿ ಮುದ್ರೆ ಒತ್ತಿದರು. “ಕನ್ನಡಕ ಎಲ್ಲಿಡ್ತೀರಿ?”

“ಇಲ್ಲೇ,” ಎಂದು ಆಕೆ ಮೂಗಿಗೇರಿಸಿಕೊಂಡಳು. “ಅಯ್ಯೋ, ಅಮ್ಮನಿಗೆ ಪ್ರಪಂಚ ಇಷ್ಟು ಮೆತ್ತಗೆ ಕಾಣ್ತಿತ್ತಾ!”

ಬಾಗಿಲು ತಡವುತ್ತಾ ಬಿಸಿಲಿಗಿಳಿದಳು.