ಗಂಟು ಬಿಚ್ಚದೆ ಹೂಳಿದ ನಟಿ

ಬಟಾವಿಯಾದ ನಮ್ಮ ಕೇರಿಗೆ ಆಲದ ಮರದ ಕೆಳಗಿನ ಬಾವಿಯನ್ನು ದಾಟಿಯೇ ಬರಬೇಕು. ಆ ರಾತ್ರಿ ನನ್ನ ಚಿಕ್ಕಪ್ಪನ ಮಗ ಮಿಸ್ಬಾ ನಾಟಕದ ಡೇರೆಯಿಂದ ಒಬ್ಬನೇ ಬರುತ್ತಿದ್ದ. ಬೆನ್ನ ಹಿಂದೆ ಸದ್ದಾಯಿತು. ದಬ್... ಆಮೇಲೆ ಮೌನ. ದಬ್... ನಡೆಯುವವರ ಹೆಜ್ಜೆಯಲ್ಲ, ಎರಡೂ ಪಾದಗಳು ಒಟ್ಟಿಗೆ ನೆಲಕ್ಕೆ ಬೀಳುವ ಸದ್ದು.

ಅವನ ವಿಷಯ ಹೇಳಲು ನನಗೆ ಅಸಹ್ಯ. ಆದರೂ ಹೇಳುತ್ತೇನೆ.

ಅವನ ಹೆಂಡತಿ ಊನಾ. ಊರೂರು ತಿರುಗುವ ಡೇರೆಯಲ್ಲಿ ಹಾಡುತ್ತಿದ್ದವಳನ್ನು ಸಿನಿಮಾದವರು ಕರೆದೊಯ್ದರು. ಬಟ್ಟೆ ಒಗೆಯುವವಳ ಮಗಳಿಗೆ ಅರಮನೆಯವರ ಬಿರುದು ಅಂಟಿಸಿ, ‘ರಾದೆನ್ ಕುಮಾಲಾ’ ಎಂದು ಗೋಡೆಗೋಡೆಗೂ ಚಿತ್ರ ಹಚ್ಚಿದರು. ಹೊಳೆಗೆ ಹಾರುವ ದೃಶ್ಯವಿದ್ದರೆ ಅವಳೇ ಹಾರಿದಳು; ಒದ್ದೆ ಬಟ್ಟೆಯಲ್ಲೇ ಹಾಡಿದಳು. ಸಂಬಳಕ್ಕೆ ಕೈಯೊಡ್ಡಿದವನು ಮಾತ್ರ ಮಿಸ್ಬಾ. ಚಿನ್ನದ ಹಲ್ಲು ಕಟ್ಟಿಸಿಕೊಂಡು, ನಗಲು ಏನೂ ಇಲ್ಲದಾಗಲೂ ನಗುತ್ತಿದ್ದ.

ಯುದ್ಧದಲ್ಲಿ ಜಪಾನಿಯರು ಬಂದು ಊರು ಹಿಡಿದರು; ಸಿನಿಮಾ ಕಂಪನಿಗಳಿಗೆ ಬೀಗ ಬಿತ್ತು. ಊನಾ ಕೆಮ್ಮುತ್ತಲೇ ಮತ್ತೆ ಡೇರೆ ಸೇರಿದಳು. ಅವಳ ಹೆಸರಿಗೆ ಜನ ಮುಗಿಬೀಳುತ್ತಿದ್ದರು. ಒಂದು ರಾತ್ರಿ ಸತ್ತಳು... ಹೆಣದ ಪಕ್ಕದಲ್ಲಿ ಕುಳಿತು ಈ ಗಂಡಸು ಯೋಚಿಸಿದ್ದು ಆ ಹೆಸರನ್ನು ಉಳಿಸಿಕೊಳ್ಳುವ ಬಗೆ. ಬೇರೊಬ್ಬ ಹುಡುಗಿಗೆ ಬಣ್ಣ ಬಳಿದು, ಅದೇ ಹೆಸರಿನಲ್ಲಿ ರಂಗಕ್ಕೆ ಹತ್ತಿಸಿದ. ಊನಾ ಡೇರೆಯಲ್ಲೇ ಉಳಿದಿದ್ದಾಳೆ ಎಂದು ಕೇರಿಗೆ ಹೇಳಿದ. ಅವಳನ್ನು ಬೆಳಗಾಗುವ ಮೊದಲೇ ಒಬ್ಬನೇ ಹೂಳಿ ಬಂದಿದ್ದ.

ನಮ್ಮಲ್ಲಿ ಹೆಣಕ್ಕೆ ಬಿಳಿಬಟ್ಟೆ ಸುತ್ತಿ, ತಲೆಯಿಂದ ಪಾದದವರೆಗೆ ಗಂಟು ಹಾಕುತ್ತೇವೆ. ಗುಂಡಿಗೆ ಇಳಿಸಿದ ಮೇಲೆ ಅವನ್ನು ಬಿಚ್ಚಲೇಬೇಕು. ಬಿಚ್ಚದಿದ್ದರೆ ಸತ್ತವರು ಮಲಗಲಾರರು, ಕುಪ್ಪಳಿಸಿಕೊಂಡು ಬರುತ್ತಾರೆ. ಮಿಸ್ಬಾ ಅವಸರದಲ್ಲಿ ಬಿಚ್ಚಿರಲಿಲ್ಲ.

ಆ ರಾತ್ರಿ ಬಾವಿಯ ಬಳಿ ಸದ್ದು ನಿಂತಿತು. ಅವನ ಕಿವಿಯ ಪಕ್ಕದಲ್ಲೇ ಪಿಸುಮಾತು...

“ರೀ... ಗಂಟು ಬಿಚ್ರಿ.”

ಓಡಿಬಂದು ನನ್ನ ಬಾಗಿಲು ಬಡಿದ. ನಡುಗುತ್ತ ಎಲ್ಲವನ್ನೂ ಹೇಳಿದ. ಈಗಲೇ ಗೋರಿ ತೆರೆದು ಗಂಟು ಬಿಚ್ಚು, ಜನರನ್ನು ನಾನೇ ಕರೆಯುತ್ತೇನೆ ಎಂದೆ. ಅವನ ನಡುಕ ಅಲ್ಲಿಗೇ ನಿಂತಿತು.

“ಜನಕ್ಕೆ ಗೊತ್ತಾದ್ರೆ ನಾಳೆ ಆಟ ನಿಂತೋಗುತ್ತಕ್ಕ.”

“ಸತ್ಮೇಲೂ ಅವಳೇ ನಿನ್ನ ಸಾಕ್ಬೇಕೇನೋ?”

“ಸತ್ತೋಳಿಗೇನಕ್ಕ ಕಷ್ಟ? ಬದುಕ್ಬೇಕಾದೋನು ನಾನಲ್ವಾ.”

ಅವನ ಮುಖಕ್ಕೇ ಬಾಗಿಲು ಹಾಕಿಕೊಂಡೆ.

ಬೆಳಗಾಗುತ್ತಲೇ ನೆರೆಯವರನ್ನು ಕರೆದೊಯ್ದು ಗೋರಿ ಅಗೆಸಿದೆ. ಮೇಲಿನ ಮಣ್ಣು ಒಂದಿಷ್ಟೂ ಕದಡಿರಲಿಲ್ಲ. ಒಳಗೆ... ಗಂಟುಗಳೆಲ್ಲ ಬಿಚ್ಚಿದ್ದವು. ಊನಾ ಎಂಬ ಅವಳ ಸ್ವಂತ ಹೆಸರು ಹಿಡಿದು ಪ್ರಾರ್ಥಿಸಿ, ಮಣ್ಣು ಮುಚ್ಚಿದೆವು.

ಮಿಸ್ಬಾ ಮನೆಯಲ್ಲಿರಲಿಲ್ಲ. ಇಂದಿನವರೆಗೂ ಸಿಕ್ಕಿಲ್ಲ. ಅವನ ಹೊಸ್ತಿಲಿನಿಂದ ಬಾವಿಯ ಕಡೆಗೆ ಹಸಿ ಮಣ್ಣಿನಲ್ಲಿ ಅವನದೇ ಬೂಟಿನ ಗುರುತುಗಳು ಸಾಗಿದ್ದವು. ಅವನ್ನು ನಾನೇ ಬಗ್ಗಿ ನೋಡಿದ್ದೇನೆ; ಸುಳ್ಳು ಹೇಳಿ ನನಗೆ ಆಗಬೇಕಾದದ್ದು ಏನೂ ಇಲ್ಲ. ಅಷ್ಟು ದೂರವೂ ಎಡದ ಬೂಟು, ಬಲದ ಬೂಟು ಅಕ್ಕಪಕ್ಕದಲ್ಲೇ ಒತ್ತಿಕೊಂಡಿದ್ದವು.